ಮಟ್ಟುಗುಳ್ಳ: ಐತಿಹ್ಯ ಮತ್ತು ಬೀಜಜ್ಞಾನ

ಉಡುಪಿ ಜಿಲ್ಲೆಯ ಕಾಪು ಪರಿಸರದ ಮಟ್ಟು ಗ್ರಾಮದ ವಿಶಿಷ್ಟ ಬದನೆ ತಳಿಯೇ ಮಟ್ಟುಗುಳ್ಳ. 16ನೆಯ ಶತಮಾನದ ಯತಿ, ಸೋದೆ ಮಠದ ಶ್ರೀ ವಾದಿರಾಜರು ಇದರ ಬೀಜವನ್ನು ಮಟ್ಟುವಿನ ಜನರಿಗೆ ಅನುಗ್ರಹಿಸಿದರೆಂಬುದು ಐತಿಹ್ಯ. ಮೊದಲ ಫಸಲನ್ನು ಉಡುಪಿಯ ಶ್ರೀಕೃಷ್ಣನಿಗೆ ಅರ್ಪಿಸುವ ಸಂಪ್ರದಾಯವು ಈ ನಂಬಿಕೆಯ ಆಚರಣಾರೂಪವಾಗಿದೆ.

ಸಸ್ಯಶಾಸ್ತ್ರದ ದೃಷ್ಟಿಯಲ್ಲಿ ನಾವು ಬೆಳೆಯುವ ಸಾಮಾನ್ಯ ಬದನೆಗಳೆಲ್ಲ ಸೊಲಾನಮ್ ಮೆಲಾಂಜಿನಾ ಎಂಬ ಒಂದೇ ಪ್ರಭೇದಕ್ಕೆ ಸೇರುತ್ತವೆ. ಗುಳ್ಳದ ದುಂಡು ಆಕಾರ, ತಿಳಿಹಸಿರು ಬಣ್ಣ, ತೆಳುಸಿಪ್ಪೆ, ತೊಟ್ಟಿನ ಮುಳ್ಳುಗಳು ತಳಿಯ ಲಕ್ಷಣಗಳು. ಬದನೆಯು ಬಹುಮಟ್ಟಿಗೆ ಸ್ವಕೀಯ ಪರಾಗಸ್ಪರ್ಶದ ಸಸ್ಯವಾದರೂ ಕೀಟಗಳ ಮೂಲಕ ಅನ್ಯ ತಳಿಯೊಡನೆ ಬೆರೆಯಬಲ್ಲದು. ಆದುದರಿಂದ ಲಕ್ಷಣವುಳ್ಳ ಕಾಯಿಯನ್ನು ಗುರುತಿಸಿ, ಗಿಡದಲ್ಲೇ ಹಣ್ಣಾಗಲು ಬಿಟ್ಟು, ಬೀಜವನ್ನು ತೆಗೆದಿರಿಸುವ ಕಾರ್ಯ ಮತ್ತೆ ಮತ್ತೆ ನಡೆಯಬೇಕು. ಐತಿಹ್ಯವು ಒಮ್ಮೆಗೇ ದೊರೆತ ದಾನವೆಂದು ವರ್ಣಿಸುವ ಬೀಜದ ಹಿಂದೆ ತಲೆಮಾರುಗಳ ಆಯ್ಕೆಯಿದೆ. ಹಾಗೆಂದು ಐತಿಹ್ಯವು ನಿರರ್ಥಕವೆನ್ನಲಾಗದು. ಬೀಜವು ಗುರುದತ್ತವೆಂಬ ಭಾವನೆಯೇ ಅದನ್ನು ಕೆಡದಂತೆ ಕಾಯುವ ಹೊಣೆಯನ್ನು ಬೆಳೆಗಾರರಲ್ಲಿ ಮೂಡಿಸಿತೆನ್ನಬಹುದು.

ಬಿಟಿ ಬದನೆಯ ಚರ್ಚೆಯ ಕಾಲದಲ್ಲಿ ಗುಳ್ಳದ ತಳಿಶುದ್ಧತೆಯ ಆತಂಕವು ಉಡುಪಿಯಲ್ಲಿ ವ್ಯಕ್ತವಾಯಿತು. 2010ರ ಫೆಬ್ರವರಿಯಲ್ಲಿ ಕೇಂದ್ರ ಸರ್ಕಾರವು ಅದರ ವಾಣಿಜ್ಯ ಬಿಡುಗಡೆಯನ್ನು ತಡೆಹಿಡಿಯಿತು. 2011ರಲ್ಲಿ ಮಟ್ಟುಗುಳ್ಳಕ್ಕೆ ಭೌಗೋಳಿಕ ಸೂಚಕದ ಮಾನ್ಯತೆ ದೊರೆಯಿತು. ಈ ಮಾನ್ಯತೆಯು ಹೆಸರಿನ ದುರ್ಬಳಕೆಯನ್ನು ತಡೆಯಬಲ್ಲದು. ಬೀಜವನ್ನು ಆರಿಸುವ ಕಣ್ಣನ್ನು ನೀಡಲಾರದು. ಆ ಕಣ್ಣು ಹಿರಿಯ ಬೆಳೆಗಾರರಲ್ಲಿದೆ. ಬೇಸಾಯದಿಂದ ಒಂದು ತಲೆಮಾರು ದೂರ ಸರಿದರೂ ಅದು ಮರೆಯಾದೀತು. ಆದ್ದರಿಂದ ಐತಿಹ್ಯದ ಪಾಠಾಂತರಗಳನ್ನು ಸಂಗ್ರಹಿಸುವ ಜಾನಪದ ಅಧ್ಯಯನವು ಈ ಬೀಜಜ್ಞಾನವನ್ನೂ ಅಷ್ಟೇ ಶ್ರದ್ಧೆಯಿಂದ ದಾಖಲಿಸಬೇಕಾಗಿದೆ.