ಗಾಂಧಿ, ಗಾಂಧಿಯ ಜೊತೆಗಾರರು: ಕನ್ನಡದ ಪುಸ್ತಕಗಳು ಬೆಳೆದ ಬಗೆ

ಗಾಂಧೀಜಿಯ ಬದುಕನ್ನು ಕುರಿತು ಕನ್ನಡದಲ್ಲಿ ಬಂದಿರುವ ಪುಸ್ತಕಗಳ ಬೇರು ಹುಡುಕಿದರೆ ಅದು ಸಿಗುವುದು ಅವರ ಹತ್ತಿರವೇ ಇದ್ದು ದಿನದಿನದ ಮಾತನ್ನು ಬರೆದಿಟ್ಟವರ ಬಳಿ. ಅವರಲ್ಲಿ ಮೊದಲ ಹೆಸರು ಮಹಾದೇವ ದೇಸಾಯಿ. 1917ರಲ್ಲಿ ಕಾರ್ಯದರ್ಶಿಯಾಗಿ ಗಾಂಧೀಜಿಯ ಜೊತೆ ಸೇರಿದ ಮಹಾದೇವ ಭಾಯಿ, 1942ರ ಆಗಸ್ಟ್ 15ರಂದು ಪುಣೆಯ ಆಗಾ ಖಾನ್ ಅರಮನೆಯ ಸೆರೆಯಲ್ಲಿ ಕೊನೆಯುಸಿರೆಳೆಯುವವರೆಗೂ ಆ ಕೆಲಸ ಬಿಡಲಿಲ್ಲ. ಯಾರು ಬಂದರು, ಏನು ಕೇಳಿದರು, ಗಾಂಧೀಜಿ ಏನೆಂದರು, ಯಾವ ಊರಿಗೆ ಯಾವ ಪತ್ರ ಹೋಯಿತು ಎಂಬುದೆಲ್ಲ ಅವರ ದಿನಚರಿಯಲ್ಲಿ ಸೇರಿತು. ಗೆಳೆಯ ನರಹರಿ ಪರೀಖರು ಆ ಗುಜರಾತಿ ಬರಹವನ್ನು ಸಂಪಾದಿಸಿ ಸಂಪುಟಗಳಾಗಿ ಹೊರತಂದರು. ಗಾಂಧಿಯನ್ನು ಕುರಿತು ಯಾವ ಭಾಷೆಯಲ್ಲಿ ಬರೆಯುವವರಿಗೂ ಇಂದಿಗೂ ಇದು ದೊಡ್ಡ ಆಸರೆ.

ಗಾಂಧೀಜಿ ತಮ್ಮ ಆತ್ಮಕಥೆಯನ್ನು ವಾರವಾರ ಬರೆದರು. 1925ರ ನವೆಂಬರಿನಿಂದ 1929ರ ಫೆಬ್ರವರಿವರೆಗೆ ಅದು ‘ನವಜೀವನ’ ಪತ್ರಿಕೆಯಲ್ಲಿ ಕಂತುಕಂತಾಗಿ ಬಂತು. ಇಂಗ್ಲಿಷಿಗೆ ತಂದವರು ಮಹಾದೇವ ದೇಸಾಯಿಯವರೇ. ಈ ಕಂತುಗಳು ಬರುತ್ತಿದ್ದ ಅವಧಿಯಲ್ಲೇ ಗಾಂಧೀಜಿ ಕನ್ನಡ ನೆಲದಲ್ಲಿ ಬಹಳ ದಿನ ಉಳಿಯಬೇಕಾಯಿತು. 1927ರ ಮಾರ್ಚಿನಲ್ಲಿ ಪ್ರವಾಸದ ನಡುವೆ ಅವರ ಆರೋಗ್ಯ ಕೆಟ್ಟಿತು. ವೈದ್ಯರು ವಿಶ್ರಾಂತಿ ಬೇಕೇಬೇಕೆಂದರು. ಏಪ್ರಿಲಿನಲ್ಲಿ ನಂದಿಬೆಟ್ಟಕ್ಕೆ ಬಂದು, ಜೂನ್ ಮೊದಲ ವಾರದಲ್ಲಿ ಬೆಂಗಳೂರಿನ ಕುಮಾರಕೃಪಾಕ್ಕೆ ಇಳಿದು, ಆಗಸ್ಟ್‌ವರೆಗೂ ಮೈಸೂರು ಸಂಸ್ಥಾನದಲ್ಲೇ ಇದ್ದರು. ಪ್ರವಾಸಗಳ ಏರ್ಪಾಡಿನ ಹಿಂದೆ ಬೆಳಗಾವಿಯ ಗಂಗಾಧರರಾವ್ ದೇಶಪಾಂಡೆ ಇದ್ದರು. 1924ರಲ್ಲಿ ಬೆಳಗಾವಿ ಕಾಂಗ್ರೆಸ್ ಅಧಿವೇಶನ ನಡೆಸಿಕೊಟ್ಟವರೂ ಅವರೇ. ಗಾಂಧೀಜಿ ಅಧ್ಯಕ್ಷತೆ ವಹಿಸಿದ ಏಕೈಕ ಅಧಿವೇಶನ ಅದು.

ಆ ಆಗಸ್ಟಿನ ಒಂದು ಪ್ರಸಂಗ ಜೊತೆಗಾರರ ಬರಹಕ್ಕೆ ಇರುವ ಬೆಲೆ ಏನೆಂದು ತೋರಿಸುತ್ತದೆ. ಗಾಂಧೀಜಿಯ ತಂಡ ಸಾಗರಕ್ಕೆ ಬಂದಿತ್ತು. ಗೇರುಸೊಪ್ಪೆ ಎಂದೂ ಕರೆಯುವ ಜೋಗ ಜಲಪಾತ ಅಲ್ಲಿಂದ ದೂರವಿಲ್ಲ. ಜೊತೆಯಲ್ಲಿದ್ದ ಕಾಕಾ ಕಾಲೇಲ್ಕರರಿಗೆ ಗಾಂಧೀಜಿಯನ್ನು ಹೇಗಾದರೂ ಮಾಡಿ ಜಲಪಾತಕ್ಕೆ ಕರೆದೊಯ್ಯುವ ಆಸೆ. ಗಾಂಧೀಜಿ ಒಪ್ಪಲಿಲ್ಲ. ನೀರು ಎಷ್ಟು ಎತ್ತರದಿಂದ ಬೀಳುತ್ತದೆಂದು ಕಾಕಾ ಬಣ್ಣಿಸಿದರೆ, ಮಳೆಯ ನೀರು ಅದಕ್ಕಿಂತ ಎಷ್ಟು ಎತ್ತರದಿಂದ ಬೀಳುತ್ತದೆಂದು ಗಾಂಧೀಜಿ ಕೇಳಿದರು. ನೀವು ಮಾಸ್ತರರು, ನೋಡಿ ಬಂದರೆ ಮಕ್ಕಳಿಗೆ ಭೂಗೋಳ ಪಾಠ ಹೇಳಲು ಅನುಕೂಲ ಎಂದು ಕಾಕಾರನ್ನು ಹೊರಡಿಸಿದರು. ಮಹಾದೇವರನ್ನಾದರೂ ಕಳಿಸಿ ಎಂದು ಕಾಕಾ ಕೇಳಿದಾಗ, ಮಹಾದೇವ ಬರುವುದಿಲ್ಲ, ಅವನ ಪಾಲಿನ ಗೇರುಸೊಪ್ಪೆ ನಾನೇ ಎಂಬ ಅರ್ಥದ ಉತ್ತರ ಬಂತು. ಕಾಕಾ ಇದನ್ನೆಲ್ಲ ‘ಬಾಪೂ ಕೀ ಝಾಂಕಿಯಾಂ’ ಎಂಬ ಹಿಂದಿ ಪುಸ್ತಕದಲ್ಲಿ ಬರೆದಿಟ್ಟರು. ಗಾಂಧೀಜಿಯ ಹಟ, ಹಾಸ್ಯ, ಕಾರ್ಯದರ್ಶಿಯ ಮೇಲಿದ್ದ ಹಕ್ಕು, ಆ ಹಕ್ಕಿನೊಳಗಿದ್ದ ಪ್ರೀತಿ ಎಲ್ಲವೂ ಈ ಪುಟ್ಟ ಪ್ರಸಂಗದಲ್ಲಿವೆ. ಯಾವ ಸರಕಾರಿ ಕಡತದಲ್ಲೂ ಇದು ಸಿಗುವಂಥದ್ದಲ್ಲ. ಕಾಕಾ ಮರಾಠಿ ಮನೆಯವರಾದರೂ ಬಾಲ್ಯದ ಹಲವು ವರ್ಷಗಳನ್ನು ಕಾರವಾರ, ಬೆಳಗಾವಿಗಳಲ್ಲಿ ಕಳೆದವರು.

ಕನ್ನಡಕ್ಕೆ ಈ ಸಾಹಿತ್ಯ ಬಂದದ್ದು ಚಳವಳಿಯಲ್ಲಿದ್ದವರ ಕೈಯಿಂದಲೇ. ಗೊರೂರು ರಾಮಸ್ವಾಮಿ ಅಯ್ಯಂಗಾರರು ಅಸಹಕಾರದ ಕರೆಗೆ ಓದು ಬಿಟ್ಟು, ಗುಜರಾತ್ ವಿದ್ಯಾಪೀಠದಲ್ಲಿ ಕಲಿತು, ಊರಿಗೆ ಮರಳಿ ಗ್ರಾಮಸೇವೆ ಮಾಡಿದವರು. ಗಾಂಧೀಜಿಯ ಆತ್ಮಕಥೆ ಕನ್ನಡದ ಮನೆಮನೆಗೆ ಮುಟ್ಟಿದ್ದು ಅವರ ಅನುವಾದದಿಂದ. ಹಳ್ಳಿಯ ಚಿತ್ರಗಳನ್ನು ಬರೆದ ಕೈಗೆ ಗಾಂಧೀಜಿಯ ಸರಳ ಮಾತು ಒಗ್ಗಿದ್ದರಲ್ಲಿ ಆಶ್ಚರ್ಯವಿಲ್ಲ. ಚಿತ್ರದುರ್ಗ ಸೀಮೆಯ ಸಿದ್ದವನಹಳ್ಳಿ ಕೃಷ್ಣಶರ್ಮರು ವಾರ್ಧಾ ಆಶ್ರಮವನ್ನು ಕಂಡು ‘ಪರ್ಣಕುಟಿ’ ಬರೆದರು. ಆಶ್ರಮದ ಬಾಳನ್ನು ಕನ್ನಡಿಗರ ಕಣ್ಣಿಗೆ ತಂದ ಪುಸ್ತಕ ಅದು. ಬೆಂಗಳೂರಿನ ಮಲ್ಲೇಶ್ವರದಲ್ಲಿರುವ ಗಾಂಧಿ ಸಾಹಿತ್ಯ ಸಂಘಕ್ಕಾಗಿ ದುಡಿದವರಲ್ಲಿ ಶರ್ಮರ ಹೆಸರು ಮುಂದಿನದು. ‘ಕರ್ಮವೀರ’ ಪತ್ರಿಕೆ ಕಟ್ಟಿದ ರಂಗನಾಥ ದಿವಾಕರರು ಮುಂದೆ ಗಾಂಧಿ ಸ್ಮಾರಕ ನಿಧಿಯ ಹೊಣೆ ಹೊತ್ತರು.

ಇಂದು ಆಂಧ್ರದಲ್ಲಿದ್ದರೂ ಚಿತ್ರದುರ್ಗಕ್ಕೆ ತಾಗಿದ ರಾಯದುರ್ಗ, ತುಮಕೂರು ಜಿಲ್ಲೆಗೆ ತಾಗಿದ ಮಡಕಶಿರಾ, ಅದರ ರತ್ನಗಿರಿ ಭಾಗದ ಕನ್ನಡಿಗರಿಗೆ ಈ ಕಥೆ ದೂರದ್ದಲ್ಲ. 1921ರ ಅಕ್ಟೋಬರ್ 1ರಂದು ಗಾಂಧೀಜಿ ಬಳ್ಳಾರಿಗೆ ಬಂದಾಗ ರಾಯದುರ್ಗ ಬಳ್ಳಾರಿ ಜಿಲ್ಲೆಯ ತಾಲ್ಲೂಕೇ ಆಗಿತ್ತು. ಅವರು ಮಧುರೆಯಲ್ಲಿ ಬರೀ ತುಂಡು ಬಟ್ಟೆ ಉಡಲು ಆರಂಭಿಸಿ ಆಗ ಕೆಲವೇ ದಿನಗಳಾಗಿದ್ದವು. 1953ರ ಅಕ್ಟೋಬರಿನಲ್ಲಿ ಆಂಧ್ರ ರಾಜ್ಯವಾದಾಗ ಆದವಾನಿ, ಆಲೂರು, ರಾಯದುರ್ಗ ಆ ಕಡೆ ಹೋದವು, ಬಳ್ಳಾರಿ ಮೈಸೂರಿಗೆ ಬಂತು. ಹೋರಾಟದ ನೆನಪು ಒಂದೇ ಆಗಿದ್ದರೂ ಅದನ್ನು ಬರೆಯುವ ಭಾಷೆ ಗಡಿಯ ಎರಡು ಬದಿಗೆ ಎರಡಾಯಿತು. ಈ ಭಾಗದ ಕನ್ನಡ ಓದುಗರಿಗೆ ಈ ಪುಸ್ತಕಗಳು ಇನ್ನೊಂದು ರಾಜ್ಯದಿಂದ ಬರಬೇಕಾಯಿತು. ಈ ನಷ್ಟ ಸಣ್ಣದೇನಲ್ಲ.

1956ರಲ್ಲಿ ಕೇಂದ್ರ ಸರಕಾರ ಗಾಂಧೀಜಿಯ ಸಮಗ್ರ ಬರಹಗಳ ಸಂಪಾದನೆ ಆರಂಭಿಸಿತು. 1994ರ ಹೊತ್ತಿಗೆ ಇಂಗ್ಲಿಷಿನಲ್ಲಿ 100 ಸಂಪುಟಗಳಾದವು. ಪತ್ರಗಳು ತಾರೀಖಿನ ಸಮೇತ ಕೈಗೆ ಸಿಕ್ಕ ಮೇಲೆ ಜೀವನಚರಿತ್ರೆಯ ರೀತಿಯೇ ಬದಲಾಯಿತು. ಜೊತೆಗಾರರೂ ನೆರಳಿನಿಂದ ಹೊರಬಂದರು. ಮಹಾದೇವರ ಮಗ ನಾರಾಯಣ ದೇಸಾಯಿ ಗುಜರಾತಿಯಲ್ಲಿ ಬರೆದ ತಂದೆಯ ಜೀವನಚರಿತ್ರೆಗೆ 1993ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಗಾಂಧೀಜಿಯ ಬರಹಗಳ ಮೇಲೆ ನವಜೀವನ ಟ್ರಸ್ಟಿಗಿದ್ದ ಹಕ್ಕುಸ್ವಾಮ್ಯ ಮುಗಿದದ್ದರಿಂದ 2009ರಿಂದ ಯಾರು ಬೇಕಾದರೂ ಅವನ್ನು ಅಚ್ಚು ಹಾಕಬಹುದಾಯಿತು.

ಕನ್ನಡದಲ್ಲಿ ಈ ಹೊತ್ತಿನ ಫಸಲು ಚೆನ್ನಾಗಿದೆ. ಬೊಳುವಾರು ಮಹಮದ್ ಕುಂಞಿಯವರು ಮಕ್ಕಳಿಗಾಗಿ ಬರೆದ ‘ಪಾಪು ಗಾಂಧಿ, ಗಾಂಧಿ ಬಾಪು ಆದ ಕಥೆ’ 2010ರಲ್ಲಿ ಅಕಾಡೆಮಿಯ ಬಾಲಸಾಹಿತ್ಯ ಪುರಸ್ಕಾರ ಪಡೆಯಿತು. ಸಮಾಜವಾದಿ ಲೋಹಿಯಾರ ವಿಚಾರವನ್ನು ಒಪ್ಪಿದ ಡಿ.ಎಸ್. ನಾಗಭೂಷಣರ ‘ಗಾಂಧಿ ಕಥನ’ಕ್ಕೆ 2021ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಸಂದಿತು. ದಂಡಿಯಾತ್ರೆಯಲ್ಲಿ ಗಾಂಧೀಜಿಯೊಡನೆ ನಡೆದ ಕರ್ನಾಟಕದ ಮೋಟೆಬೆನ್ನೂರಿನ ಮೈಲಾರ ಮಹಾದೇವ, 1943ರ ಏಪ್ರಿಲ್ 1ರಂದು ಹೊಸರಿತ್ತಿಯಲ್ಲಿ ಗುಂಡಿಗೆ ಬಲಿಯಾದವರು. ಅವರನ್ನು ಕುರಿತೂ ಪುಸ್ತಕಗಳಿವೆ.

ಬಹಳ ತಡವಾಗಿ ಪುಟಕ್ಕೆ ಬಂದವರು ಕಸ್ತೂರಬಾ. 1944ರ ಫೆಬ್ರವರಿ 22ರಂದು, ಮಹಾದೇವ ದೇಸಾಯಿ ತೀರಿಕೊಂಡ ಅದೇ ಸೆರೆಮನೆಯಲ್ಲಿ ಅವರೂ ತೀರಿಕೊಂಡರು. ಅವರು ಬರೆದಿಟ್ಟದ್ದು ಬಹಳ ಕಡಿಮೆಯಾದ್ದರಿಂದ ಚರಿತ್ರೆಕಾರರು ತಡವರಿಸಿದರು. ಆ ಕೆಲಸಕ್ಕೆ ಕಥನಕಾರರು ಕೈಹಾಕಿದರು. ವೈದ್ಯೆ ಎಚ್.ಎಸ್. ಅನುಪಮಾ ‘ನಾನು.. ಕಸ್ತೂರ್’ನಲ್ಲಿ ಕಸ್ತೂರಬಾ ತಾವೇ ಹೇಳಿಕೊಳ್ಳುವಂತೆ ಕಥೆ ಕಟ್ಟಿದರು. ಮಡಕಶಿರಾ ಗಡಿಗೆ ತಾಗಿದ ಶಿರಾ ತಾಲ್ಲೂಕಿನವರೇ ಆದ ಬರಗೂರು ರಾಮಚಂದ್ರಪ್ಪನವರು ಕಸ್ತೂರಬಾ ಅವರ ಕಣ್ಣಿನಿಂದ ಗಾಂಧಿಯನ್ನು ನೋಡುವ ಕಾದಂಬರಿ ಬರೆದು, ಅದನ್ನು ತಾವೇ ಚಲನಚಿತ್ರವಾಗಿಸಿದರು.