ನೆನಪು ಜಾರುವ ಕೋಟೆಯಲ್ಲಿ ಕಾರ್ಡಿನ ಕಾಳಗ

ಸೋರಾನ ಕೈಯಲ್ಲಿ ಬೀಗದ ಕೈಯ ಆಕಾರದ ಕತ್ತಿಯಿದೆ. ಆದರೆ ಮನಸ್ಸು ಬಂದಂತೆ ಬೀಸುವ ಹಾಗಿಲ್ಲ. ಒಂದೊಂದು ಏಟಿಗೂ ಒಂದೊಂದು ಕಾರ್ಡ್ ಇಳಿಸಬೇಕು.

2004ರ ನವೆಂಬರ್‌ನಲ್ಲಿ ಜಪಾನಿನ ಮಾರುಕಟ್ಟೆಗೆ ಬಂದ ‘ಕಿಂಗ್‌ಡಮ್ ಹಾರ್ಟ್ಸ್: ಚೈನ್ ಆಫ್ ಮೆಮೊರೀಸ್’ ಆಟದ ನಿಯಮವಿದು. ಎರಡು ವರ್ಷ ಮೊದಲು ಪ್ಲೇಸ್ಟೇಷನ್ 2ರಲ್ಲಿ ಬಂದಿದ್ದ ಮೊದಲ ಆಟದಲ್ಲಿ ಸೋರಾ, ಡೊನಾಲ್ಡ್ ಡಕ್ ಮತ್ತು ಗೂಫಿಯನ್ನು ಕಟ್ಟಿಕೊಂಡು ಡಿಸ್ನಿ ಲೋಕಗಳನ್ನೆಲ್ಲ ಸುತ್ತಿದ್ದ, ಎಲ್ಲವೂ 3ಡಿ. ಮುಂದಿನ ಕಥೆಗೆ ಸ್ಕ್ವೇರ್ ಎನಿಕ್ಸ್ ಆರಿಸಿಕೊಂಡದ್ದು ಕೈಯಲ್ಲೇ ಹಿಡಿದು ಆಡುವ ಗೇಮ್ ಬಾಯ್ ಅಡ್ವಾನ್ಸ್ ಅನ್ನು. ಅದರ ಪರದೆ ಬರೀ 240 × 160 ಪಿಕ್ಸೆಲ್. ಹಳೆಯ ಆಟವನ್ನು ಅದರೊಳಗೆ ತುರುಕುವುದು ಆಗದ ಮಾತು. ನಿರ್ದೇಶಕ ತೆತ್ಸುಯಾ ನೊಮುರಾ ಮತ್ತು ಜುಪಿಟರ್ ಕಂಪನಿಯ ತಂಡ ಕಾಳಗವನ್ನೇ ಕಾರ್ಡಿಗೆ ಇಳಿಸಿತು.

ಪ್ರತಿ ಕಾರ್ಡಿನ ಮೇಲೂ 0ಯಿಂದ 9ರವರೆಗಿನ ಒಂದು ಅಂಕಿ. ಶತ್ರು 5 ಹಾಕಿದಾಗ ಸೋರಾ 7 ಹಾಕಿದರೆ ಶತ್ರುವಿನ ಏಟು ಅರ್ಧಕ್ಕೇ ಮುರಿದುಬೀಳುತ್ತದೆ. ಸಮ ಬಂದರೆ ಇಬ್ಬರದ್ದೂ ರದ್ದು. ಸೊನ್ನೆಯದೇ ಬೇರೆ ಲೆಕ್ಕ: ಮೊದಲು ಹಾಕಿದರೆ ಎಂಥ ಕಾರ್ಡಿಗೂ ಸೋಲುತ್ತದೆ, ಎದುರಾಳಿ ಹಾಕಿದ ಮೇಲೆ ಹಾಕಿದರೆ 9ನ್ನೂ ಹೊಡೆಯುತ್ತದೆ. ಸರದಿಗೆ ಕಾಯುತ್ತ ಕೂರುವ ಆಟವಲ್ಲ ಇದು. ಓಡುತ್ತ, ಜಿಗಿಯುತ್ತ, ಎಲ್ ಮತ್ತು ಆರ್ ಬಟನ್ ಒತ್ತಿ ಕಾರ್ಡ್ ತಿರುವುತ್ತ, ಆ ಗಡಿಬಿಡಿಯಲ್ಲೇ ತೀರ್ಮಾನಿಸಬೇಕು.

ಮೂರು ಕಾರ್ಡ್ ಜೋಡಿಸಿ ಒಟ್ಟಿಗೆ ಹಾಕಿದರೆ ಅಂಕಿಗಳೂ ಕೂಡಿಕೊಳ್ಳುತ್ತವೆ. ಸರಿಯಾದ ಮೂರು ಕೂಡಿದರೆ ‘ಸ್ಲೈಟ್’ ಎಂಬ ದೊಡ್ಡ ಪಟ್ಟು. ಆದರೆ ಆ ಮೂರರಲ್ಲಿ ಮೊದಲನೆಯದು ಕಾಳಗ ಮುಗಿಯುವವರೆಗೆ ಕಟ್ಟಿಗೆ ಮರಳುವುದಿಲ್ಲ. ಅಬ್ಬರಿಸಿದಷ್ಟೂ ಕಟ್ಟು ಸಣ್ಣದಾಗುತ್ತದೆ.

ಕಥೆ ನಡೆಯುವುದೂ ಹೀಗೆಯೇ. ಕ್ಯಾಸಲ್ ಒಬ್ಲಿವಿಯನ್ ಎಂಬ ಕೋಟೆಯ ಮಹಡಿ ಹತ್ತಿದಂತೆಲ್ಲ ಸೋರಾನ ನೆನಪುಗಳು ಒಂದೊಂದಾಗಿ ಜಾರುತ್ತವೆ. ಅಲ್ಲಿ ಎದುರಾಗುವ ಅಗ್ರಾಬಾ, ಟ್ರಾವರ್ಸ್ ಟೌನ್ ಎಲ್ಲ ಅವನ ನೆನಪಿನಿಂದಲೇ ಮಾಡಿದ ಕಾರ್ಡುಗಳಿಂದ ಎದ್ದುನಿಂತ ಲೋಕಗಳು. ಒಳಗಿನ ಕೋಣೆಗಳನ್ನೂ ಆಟಗಾರನೇ ಕಟ್ಟಬೇಕು. ಬಾಗಿಲಿಗೆ ‘ಸ್ಲೀಪಿಂಗ್ ಡಾರ್ಕ್‌ನೆಸ್’ ಕಾರ್ಡ್ ಕೊಟ್ಟರೆ ಒಳಗಿರುವ ಶತ್ರುಗಳು ನಿದ್ದೆಯಲ್ಲಿರುತ್ತಾರೆ. ‘ಮೂಗಲ್ ರೂಮ್’ ಕೊಟ್ಟರೆ ಅಂಗಡಿ ತೆರೆಯುತ್ತದೆ. ಹಿಂದೆ ಹೆಗಲೆಣೆಯಾಗಿ ಕಾದಾಡಿದ್ದ ಡೊನಾಲ್ಡ್, ಗೂಫಿ ಕೂಡ ಇಲ್ಲಿ ಕಾಳಗದ ನಡುವೆ ಸಿಗುವ ಕಾರ್ಡುಗಳು. ಎತ್ತಿ ಹಾಕಿದರೆ ಬಂದು ಒಂದಿಷ್ಟು ಹೊಡೆದು ಮಾಯವಾಗುತ್ತಾರೆ.

ಸೋರಾನ ಕಥೆ ಮುಗಿಸಿದವರಿಗೆ ಗೆಳೆಯ ರಿಕುವಿನ ಕಥೆ ತೆರೆದುಕೊಳ್ಳುತ್ತದೆ. ಅವನ ಕಟ್ಟನ್ನು ಆಯಾ ಲೋಕಕ್ಕೆ ತಕ್ಕಂತೆ ಆಟವೇ ಕೊಡುತ್ತದೆ. ಸೋರಾನ ಹಾಗೆ ಆರಿಸಿ ಜೋಡಿಸುವ ಸ್ವಾತಂತ್ರ್ಯ ಅವನಿಗಿಲ್ಲ.

2007ರಲ್ಲಿ ಇದನ್ನೇ ಪ್ಲೇಸ್ಟೇಷನ್ 2ಕ್ಕೆ ಹೊಸದಾಗಿ ರೂಪಿಸಿದರು. 3ಡಿ ಬಂತು, ಪಾತ್ರಗಳಿಗೆ ದನಿ ಬಂತು. ಸಣ್ಣ ಯಂತ್ರದ ಇಕ್ಕಟ್ಟು ಇರಲಿಲ್ಲ. ಆದರೂ ಕಾರ್ಡುಗಳನ್ನು ಕೈಬಿಡಲಿಲ್ಲ, ಹೊಸ ಸ್ಲೈಟ್‌ಗಳನ್ನೂ ಸೇರಿಸಿದರು.