ಮುಖಕ್ಕೊಪ್ಪುವ ಲೇಪನ: ದ್ರವ ಫೌಂಡೇಶನ್ನಿನ ಆಯ್ಕೆ

ಮಹಾನಗರದ ಯಾವುದೇ ಕನ್ನಡ ಸಂಘದ ವಾರ್ಷಿಕೋತ್ಸವದಲ್ಲಿ ಮುಂದಿನ ಸಾಲಿನಲ್ಲಿ ಕುಳಿತವರಿಗೆ ಒಂದು ದೃಶ್ಯ ಚಿರಪರಿಚಿತ. ಪರದೆ ಸರಿಯುತ್ತದೆ, ಸಮೂಹಗಾನಕ್ಕೆಂದು ಹತ್ತು ಹನ್ನೆರಡು ಮಂದಿ ಮಹಿಳೆಯರು ರೇಷ್ಮೆ ಸೀರೆಯುಟ್ಟು ಸಾಲಾಗಿ ನಿಂತಿರುತ್ತಾರೆ. ಮುಖಗಳದೆಲ್ಲ ಒಂದೇ ಬಣ್ಣ. ಕೊರಳುಗಳದು ಮಾತ್ರ ಹತ್ತು ಹನ್ನೆರಡು ಬಣ್ಣ. ಬಣ್ಣ ಹಚ್ಚಲು ಬಂದವರಿಗೆ ಸಮಯದ ಅಭಾವ, ಅವರ ಪೆಟ್ಟಿಗೆಯಲ್ಲಿದ್ದ ಸೀಸೆಯೂ ಒಂದೇ. ರಂಗದೀಪಗಳ ಪ್ರಖರತೆಯಲ್ಲಿ ಈ ವ್ಯತ್ಯಾಸ ಅಷ್ಟಾಗಿ ಕಣ್ಣಿಗೆ ಚುಚ್ಚುವುದಿಲ್ಲ. ಆದರೆ ಅಂಥದೇ ಸೀಸೆಯೊಂದು ಮನೆಯ ಕಪಾಟನ್ನು ಸೇರಿ, ಅದನ್ನು ಹಚ್ಚಿಕೊಂಡು ಕಚೇರಿಗೋ ಮದುವೆಯ ಮನೆಗೋ ಹೊರಟಾಗ, ಹಗಲಿನ ಬೆಳಕು ಅಷ್ಟು ಉದಾರವಾಗಿರುವುದಿಲ್ಲ.

ಮುಖಲೇಪನವು ನಮ್ಮ ಹೆಣ್ಣುಮಕ್ಕಳಿಗೆ ಹೊಸತೇನಲ್ಲ. ಅರಿಶಿನ, ಕಡಲೆಹಿಟ್ಟು, ಹಾಲಿನ ಕೆನೆಗಳ ಕಾಲದ ನಂತರ 1919ರಲ್ಲಿ ಮುಂಬಯಿಯಲ್ಲಿಯೇ ತಯಾರಾಗತೊಡಗಿದ ಅಫ್ಘಾನ್ ಸ್ನೋ ಮನೆಮನೆಗೆ ಬಂದಿತು. 1952ರಲ್ಲಿ ಟಾಟಾ ಸಂಸ್ಥೆ ಲ್ಯಾಕ್ಮೆಯನ್ನು ಆರಂಭಿಸಿದ ಮೇಲೆ ಸ್ವದೇಶೀ ಪ್ರಸಾಧನ ಸಾಮಗ್ರಿಗಳು ಮಧ್ಯಮ ವರ್ಗದ ಕೈಗೆಟುಕಿದವು. ಸ್ನೋ ಮತ್ತು ಪೌಡರುಗಳಲ್ಲಿ ಬಣ್ಣದ ಆಯ್ಕೆಯ ಪ್ರಶ್ನೆ ಅಷ್ಟಾಗಿ ಏಳುತ್ತಿರಲಿಲ್ಲ. ದ್ರವ ಫೌಂಡೇಶನ್ನಿನ ವಿಷಯ ಹಾಗಲ್ಲ. ಇಂದು ಒಂದೊಂದು ಕಂಪನಿಯೂ ಹತ್ತಾರು ಛಾಯೆಗಳನ್ನು ಮುಂದಿಡುತ್ತದೆ; 2017ರಲ್ಲಿ ಅಮೆರಿಕದ ಫೆಂಟಿ ಎಂಬ ಕಂಪನಿಯಂತೂ ಒಂದೇ ಬಾರಿಗೆ 40 ಛಾಯೆಗಳನ್ನು ಮಾರುಕಟ್ಟೆಗೆ ತಂದಿತು. ಆಯ್ಕೆ ಹೆಚ್ಚಿದಂತೆ ಗೊಂದಲವೂ ಹೆಚ್ಚಿದೆ.

ಈ ದ್ರವದಲ್ಲಿ ಇರುವುದಾದರೂ ಏನು? ನೀರು, ಸಿಲಿಕೋನ್ ಅಥವಾ ಇತರ ಎಣ್ಣೆ, ಎರಡನ್ನೂ ಬೆರೆತಿರುವಂತೆ ಹಿಡಿದಿಡುವ ದ್ರವ್ಯ, ಕೆಡದಂತೆ ಕಾಪಾಡುವ ರಾಸಾಯನಿಕ, ಹೆಚ್ಚಿನವುಗಳಲ್ಲಿ ಒಂದಿಷ್ಟು ಸುಗಂಧ. ಬಣ್ಣ ಬರುವುದು ಮುಖ್ಯವಾಗಿ ನಾಲ್ಕು ಪುಡಿಗಳಿಂದ: ಬಿಳಿಯದಾದ ಟೈಟಾನಿಯಂ ಡೈಆಕ್ಸೈಡ್ ಹಾಗೂ ಹಳದಿ, ಕೆಂಪು, ಕಪ್ಪು ಬಣ್ಣದ ಕಬ್ಬಿಣದ ಆಕ್ಸೈಡುಗಳು. ಕಂಪನಿಗಳ ಛಾಯೆಗಳೆಲ್ಲ ಬಹುಪಾಲು ಈ ನಾಲ್ಕರ ಪ್ರಮಾಣವನ್ನು ಹೆಚ್ಚು ಕಡಿಮೆ ಮಾಡಿದವೇ. ಈ ಸಣ್ಣ ಸಂಗತಿಯನ್ನು ತಿಳಿದಿದ್ದರೆ ಮುಂದಿನದೆಲ್ಲ ಸುಲಭವಾಗಿ ಅರ್ಥವಾಗುತ್ತದೆ.

ತಿಳಿಯ ಛಾಯೆಗಳಲ್ಲಿ ಬಿಳಿಯ ಪುಡಿಯ ಪಾಲು ಅಧಿಕ. ಅದನ್ನು ಗೋಧಿಬಣ್ಣದ ಅಥವಾ ಕಂದು ಬಣ್ಣದ ತ್ವಚೆಯ ಮೇಲೆ ಬಳಿದರೆ ಮುಖ ಬೆಳ್ಳಗಾಗುವುದಿಲ್ಲ, ಬೂದಿ ಬಳಿದಂತಾಗುತ್ತದೆ. ಇಷ್ಟಾಗಿಯೂ ಅಂಗಡಿಯಲ್ಲಿ ಹತ್ತರಲ್ಲಿ ಎಂಟು ಜನರ ಕೈ ತಮ್ಮ ಬಣ್ಣಕ್ಕಿಂತ ಒಂದೆರಡು ಮೆಟ್ಟಿಲು ತಿಳಿಯಾದ ಸೀಸೆಯ ಕಡೆಗೇ ಚಾಚುತ್ತದೆಂದರೆ ಅತಿಶಯೋಕ್ತಿಯಾಗದು. ಇದು ಕೇವಲ ಅಜ್ಞಾನವಲ್ಲ. ಹುಡುಗಿಯನ್ನು ನೋಡಲು ಬರುವವರಿದ್ದಾರೆಂದಾಗ ತಾಯಿಯೇ ಮಗಳ ಕೈಗೆ ತಿಳಿ ಛಾಯೆಯನ್ನು ಇಡುತ್ತಾಳೆ. ವಧೂವರರ ಅಂಕಣಗಳಲ್ಲಿ ‘ಗೌರವರ್ಣ’ವೆಂಬ ಪದ ಇನ್ನೂ ನಿವೃತ್ತಿಯಾಗಿಲ್ಲ. 1975ರಿಂದ ಈ ದೇಶದಲ್ಲಿ ಮಾರಾಟವಾಗುತ್ತಿದ್ದ ಫೇರ್ ಅಂಡ್ ಲವ್ಲಿ ಕ್ರೀಮು 2020ರಲ್ಲಿ ತನ್ನ ಹೆಸರಿನಿಂದ ‘ಫೇರ್’ ಶಬ್ದವನ್ನು ಕೈಬಿಟ್ಟು ಗ್ಲೋ ಅಂಡ್ ಲವ್ಲಿ ಆಯಿತು. ಹೆಸರು ಬದಲಾಯಿತು, ಮನೆಯೊಳಗಿನ ಮಾತು ಬದಲಾಗಲು ಇನ್ನಷ್ಟು ಕಾಲ ಬೇಕಾದೀತು. ಫೌಂಡೇಶನ್ ಬಣ್ಣವನ್ನು ಏರಿಸುವ ಸಾಧನವಲ್ಲ, ಇರುವ ಬಣ್ಣವನ್ನು ಮುಖದ ತುಂಬ ಸಮನಾಗಿಸುವ ಸಾಧನ. ಜಮಾ ಖರ್ಚಿನ ಎರಡು ಬದಿಗಳು ತಾಳೆಯಾಗುವಂತೆ ಮುಖವೂ ಕೊರಳೂ ತಾಳೆಯಾದರೆ ಅದರ ಕೆಲಸ ಮುಗಿಯಿತು. ಹಚ್ಚಿದ್ದು ಕಾಣಬಾರದು, ಕಂಡಿತೆಂದರೆ ಆಯ್ಕೆ ತಪ್ಪಿತೆಂದೇ ಅರ್ಥ.

ಎಣ್ಣೆಗೆಂಪು, ಗೋಧಿಬಣ್ಣ, ಎಣ್ಣೆಗಪ್ಪು

ತಜ್ಞರು ತ್ವಚೆಯ ಬಣ್ಣದಲ್ಲಿ ಎರಡು ಅಂಶಗಳನ್ನು ಬೇರ್ಪಡಿಸುತ್ತಾರೆ. ಎಷ್ಟು ತಿಳಿ, ಎಷ್ಟು ಗಾಢ ಎಂಬುದು ಮೊದಲನೆಯದು. ಅದರಡಿಯಲ್ಲಿ ಇಣುಕುವ ಹಳದಿ, ಕೆಂಪು ಅಥವಾ ಹಸಿರು ಮಿಶ್ರಿತ ಒಳಛಾಯೆ ಎರಡನೆಯದು. ಇಂಗ್ಲಿಷ್ ಪತ್ರಿಕೆಗಳು ಇದನ್ನು ಏನೋ ನೂತನ ಶಾಸ್ತ್ರವೆಂಬಂತೆ ವಿವರಿಸುವುದುಂಟು. ನಮ್ಮ ಅಜ್ಜಿಯರು ಇದನ್ನು ಎಂದೋ ಕಂಡುಕೊಂಡಿದ್ದರು. ಎಣ್ಣೆಗೆಂಪು, ಎಣ್ಣೆಗಪ್ಪು, ಗೋಧಿಬಣ್ಣ ಎಂಬ ಮಾತುಗಳಲ್ಲಿ ಗಾಢತೆಯೂ ಒಳಛಾಯೆಯೂ ಒಟ್ಟಿಗೇ ಅಡಗಿವೆ. ‘ಹುಡುಗಿ ಕೆಂಪಗಿದ್ದಾಳೆ’ ಎನ್ನುವ ಹಳ್ಳಿಯ ಮುದುಕಿ ತ್ವಚೆಯ ಕೆಳಗಿನ ಬಣ್ಣವನ್ನೇ ಗುರುತಿಸುತ್ತಿರುತ್ತಾಳೆ.

ಭಾರತೀಯರಲ್ಲಿ ಬಹುಮಂದಿಯ ಒಳಛಾಯೆ ಹಳದಿ ಅಥವಾ ಹೊಂಬಣ್ಣದ್ದು; ಕೆಲವರದು ತುಸು ಹಸಿರು ಬೆರೆತದ್ದು. ಅಂಥವರು ಗುಲಾಬಿ ಒಳಛಾಯೆಯ ಫೌಂಡೇಶನ್ ಹಚ್ಚಿದರೆ, ಗಾಢತೆ ಸರಿಯಾಗಿದ್ದರೂ, ಮುಖ ಬೇರೊಬ್ಬರದೆಂಬಂತೆ ತೋರುತ್ತದೆ. ಮಣಿಕಟ್ಟಿನ ನರಗಳು ಹಸಿರೋ ನೀಲಿಯೋ ಎಂದು ನೋಡಿ ನಿರ್ಣಯಿಸಬೇಕೆಂಬ ಸಲಹೆ ಎಲ್ಲೆಡೆ ಸಿಗುತ್ತದೆ. ಗಾಢವರ್ಣದವರಲ್ಲಿ ನರಗಳೇ ಸ್ಪಷ್ಟವಾಗಿ ಕಾಣದಿರುವಾಗ ಈ ಸಲಹೆಯಿಂದ ಪ್ರಯೋಜನ ಅಲ್ಪ. ಮೂರು ಸೀಸೆಗಳನ್ನು ಪಕ್ಕಪಕ್ಕದಲ್ಲಿ ಹಚ್ಚಿ ನೋಡುವುದೇ ಮೇಲು.

ಹಚ್ಚಿ ನೋಡುವುದೆಲ್ಲಿ? ಅಂಗಡಿಯ ಹುಡುಗಿ ಸಾಮಾನ್ಯವಾಗಿ ಮುಂಗೈಯ ಮೇಲೆ ಒಂದು ಹನಿ ಇಡುತ್ತಾಳೆ. ಮುಂಗೈ ಬಿಸಿಲು ಕಂಡದ್ದು. ಅದರ ಬಣ್ಣಕ್ಕೂ ಮುಖದ ಬಣ್ಣಕ್ಕೂ ಸಂಬಂಧ ಕಡಿಮೆ. ಕೆನ್ನೆಯ ನಡುಭಾಗವೂ ಬೇಡ. ನಮ್ಮವರಲ್ಲಿ ಹಣೆ, ಕಣ್ಣಿನ ಸುತ್ತ, ಬಾಯಿಯ ಸುತ್ತ ಬಣ್ಣ ಗಾಢವಾಗಿಯೂ ಕೆನ್ನೆ ತಿಳಿಯಾಗಿಯೂ ಇರುವುದು ಸಹಜ. ಆದ್ದರಿಂದ ದವಡೆಯ ಅಂಚಿನಲ್ಲಿ, ಕೊರಳಿನತ್ತ ಇಳಿಯುವಂತೆ, ಅಂಗುಲದಷ್ಟು ಉದ್ದದ ಮೂರು ಗೆರೆಗಳನ್ನು ಎಳೆಯಬೇಕು. ಯಾವ ಗೆರೆ ಕಣ್ಮರೆಯಾಗುವುದೋ ಅದೇ ತಕ್ಕ ಛಾಯೆ. ಎರಡು ಗೆರೆಗಳು ಮರೆಯಾದಂತೆ ತೋರಿದರೆ ತುಸು ಹಳದಿಯತ್ತ ವಾಲಿದ್ದನ್ನು ಆರಿಸುವುದು ನಮ್ಮ ತ್ವಚೆಗೆ ಹೆಚ್ಚಾಗಿ ಹೊಂದುತ್ತದೆ.

ನಿರ್ಣಯವನ್ನು ಅಂಗಡಿಯೊಳಗೆ ಮಾಡಕೂಡದು. ಅಲ್ಲಿಯ ದೀಪಗಳು ಮಾರಾಟಕ್ಕಾಗಿ ಉರಿಯುವ ದೀಪಗಳು. ಹಳದಿಯ ಬೆಳಕು ಎಲ್ಲ ಮುಖಗಳಿಗೂ ಹೊಂಬಣ್ಣ ಕೊಡುತ್ತದೆ. ಗೆರೆಗಳನ್ನು ಹಾಗೆಯೇ ಬಿಟ್ಟು ಹೊರಬಂದು ಹಗಲಿನ ಬೆಳಕಿನಲ್ಲಿ ಕೈಗನ್ನಡಿಯಿಂದ ನೋಡಬೇಕು. ಮಾಟುಂಗಾದ ಫುಟ್‌ಪಾತಿನ ಮೇಲೆ ಹೀಗೆ ಗಲ್ಲ ಎತ್ತಿ ಕನ್ನಡಿ ಹಿಡಿದು ನಿಲ್ಲಲು ಸಂಕೋಚವೆನಿಸಬಹುದು. ಆದರೆ ಮುಂಬಯಿಯಲ್ಲಿ ಯಾರೂ ಯಾರನ್ನೂ ನಿಂತು ನೋಡುವುದಿಲ್ಲವೆಂಬುದು ಈ ನಗರದ ದೊಡ್ಡ ಸೌಕರ್ಯಗಳಲ್ಲೊಂದು. ನೋಡಿದ ಕೂಡಲೇ ಕೊಳ್ಳಲೂ ಬಾರದು. ನೀರಿನಂಶ ಆರಿ, ಉಳಿದದ್ದು ತ್ವಚೆಯ ಎಣ್ಣೆಯೊಡನೆ ಬೆರೆತಾಗ ಅನೇಕ ಫೌಂಡೇಶನ್ನುಗಳ ಬಣ್ಣ ಗಾಢವಾಗುತ್ತದೆ. ಅರ್ಧ ಗಂಟೆ ತರಕಾರಿ, ಹೂವು ಕೊಂಡು ಮರಳಿ ಕನ್ನಡಿ ನೋಡಿದರೆ ನಿಜಸ್ಥಿತಿ ತಿಳಿಯುತ್ತದೆ. ಹತ್ತು ಜನ ಮುಟ್ಟಿದ ನಮೂನೆಯ ಸೀಸೆಯಿಂದ ನೇರವಾಗಿ ಮುಖಕ್ಕೆ ಹಚ್ಚಿಕೊಳ್ಳದೆ ಹೊಸ ಹತ್ತಿಯ ಕಡ್ಡಿಯನ್ನು ಕೇಳಿ ಪಡೆಯುವುದು ಲೇಸು. ಮನೆಗೆ ತರಿಸಿಕೊಳ್ಳುವವರು ಮೊಬೈಲಿನ ಪರದೆಯ ಮೇಲಿನ ಬಣ್ಣವನ್ನು ನಂಬದೆ, ಮೊದಲ ಸೀಸೆಯನ್ನಾದರೂ ಅಂಗಡಿಯಲ್ಲಿ ಕಂಡು ಕೊಳ್ಳಬೇಕು.

ತ್ವಚೆ, ಹವೆ ಮತ್ತು ಲೋಕಲ್ ಗಾಡಿ

ಛಾಯೆಯಷ್ಟೇ ಮುಖ್ಯವಾದದ್ದು ತ್ವಚೆಯ ಸ್ವಭಾವ. ಮುಖ ತೊಳೆದು ಏನನ್ನೂ ಹಚ್ಚದೆ ಒಂದು ಗಂಟೆ ಬಿಟ್ಟು ತೆಳು ಕಾಗದವನ್ನು ಒತ್ತಿ ನೋಡಿದರೆ ಇದು ತಿಳಿಯುತ್ತದೆ. ಎಲ್ಲೆಡೆ ಜಿಡ್ಡಂಟಿದರೆ ಎಣ್ಣೆಯ ತ್ವಚೆ. ಹಣೆ, ಮೂಗುಗಳಲ್ಲಿ ಮಾತ್ರ ಅಂಟಿದರೆ ಮಿಶ್ರ. ಜಿಡ್ಡೇ ಇಲ್ಲದೆ ಬಿಗಿದಂತಾದರೆ ಒಣ. ಎಣ್ಣೆಯ ತ್ವಚೆಗೆ ಎಣ್ಣೆಯಿಲ್ಲದ, ಹೊಳಪಿಲ್ಲದ ಬಗೆ; ಒಣ ತ್ವಚೆಗೆ ಗ್ಲಿಸರಿನ್ ಮೊದಲಾದ ತೇವಕಾರಕಗಳಿರುವ ಬಗೆ ಹೊಂದುತ್ತದೆ. ಮೊಡವೆಯಿರುವವರು ‘ರಂಧ್ರಗಳನ್ನು ಮುಚ್ಚುವುದಿಲ್ಲ’ ಎಂಬ ಒಕ್ಕಣೆಯುಳ್ಳದ್ದನ್ನು ಆರಿಸಬಹುದು, ಆದರೆ ಆ ಒಕ್ಕಣೆಯ ಹಿಂದೆ ಸರ್ವಸಮ್ಮತವಾದ ಪರೀಕ್ಷೆಯೊಂದಿಲ್ಲವೆಂಬುದನ್ನು ನೆನಪಿಡಬೇಕು.

ಊರಿನ ಹವೆಯೂ ಲೆಕ್ಕಕ್ಕೆ ಬರುತ್ತದೆ. ದೆಹಲಿಯ ಜನವರಿಯಲ್ಲಿ ಸೊಗಸಾಗಿ ಕೂತ ಲೇಪ ಚೆನ್ನೈಯ ಮೇ ತಿಂಗಳಲ್ಲಿ ಜಾರಿಹೋಗುತ್ತದೆ. ಡೊಂಬಿವಲಿಯಿಂದ ಬೆಳಗಿನ ಲೋಕಲ್ ಹಿಡಿದು ಕೋಟೆ ಭಾಗದ ಕಚೇರಿಗೆ ಬರುವಾಕೆಯ ಮುಖದ ಮೇಲೆ ದಪ್ಪ ಲೇಪ ಬೈಕುಳಾ ದಾಟುವಷ್ಟರಲ್ಲಿಯೇ ಗೆರೆಗೆರೆಯಾಗಿ ಒಡೆದಿರುತ್ತದೆ. ಅಂಥವರು ಅತಿ ತೆಳುವಾಗಿ, ಬೇಕಾದಲ್ಲಿ ಮಾತ್ರ ಹಚ್ಚಿ, ಮೇಲೆ ಸ್ವಲ್ಪ ಪೌಡರು ಒತ್ತಿ, ಬೆವರನ್ನು ಉಜ್ಜದೆ ಕರವಸ್ತ್ರದಿಂದ ಒತ್ತಿ ತೆಗೆಯುವುದು ವಿಹಿತ. ಮುಂಬಯಿಯ ಮಳೆಗಾಲದ ನಾಲ್ಕು ತಿಂಗಳು ಇದರ ಗೊಡವೆಯೇ ಬೇಡವೆನ್ನುವವರ ಮಾತಿನಲ್ಲಿಯೂ ಹುರುಳಿದೆ.

ಕೆನ್ನೆಯ ಮೇಲೆ ಬಂಗು ಉಳ್ಳವರಿಗೆ ಒಂದು ಸಮಾಧಾನದ ಸಂಗತಿಯಿದೆ. ಬಂಗನ್ನು ಹೆಚ್ಚಿಸುವುದು ನೇರಳಾತೀತ ಕಿರಣ ಮಾತ್ರವಲ್ಲ, ಕಣ್ಣಿಗೆ ಕಾಣುವ ಬೆಳಕೂ ಹೌದು. ಫೌಂಡೇಶನ್ನಿನಲ್ಲಿರುವ ಕಬ್ಬಿಣದ ಆಕ್ಸೈಡುಗಳು ಈ ಬೆಳಕನ್ನು ಒಂದು ಮಟ್ಟಿಗೆ ತಡೆಯುತ್ತವೆ. ಹಾಗೆಂದು ಸೀಸೆಯ ಮೇಲೆ ಬರೆದ ಬಿಸಿಲುರಕ್ಷಣೆಯ ಅಂಕಿಯನ್ನೇ ನಂಬಿ ಕೂರಲಾಗದು. ಆ ಅಂಕಿಯನ್ನು ಪರೀಕ್ಷಿಸುವಾಗ ಚದರ ಸೆಂಟಿಮೀಟರಿಗೆ 2 ಮಿಲಿಗ್ರಾಂ ಹಚ್ಚುತ್ತಾರೆ. ಅಷ್ಟು ಫೌಂಡೇಶನ್ನನ್ನು ಯಾರೂ ಬಳಿಯುವುದಿಲ್ಲ. ಸನ್‌ಸ್ಕ್ರೀನನ್ನು ಅಡಿಯಲ್ಲಿ ಪ್ರತ್ಯೇಕವಾಗಿ ಹಚ್ಚಲೇಬೇಕು.

ಹೊಸ ಸೀಸೆಯನ್ನು ಮುಖಕ್ಕೆ ತರುವ ಮುನ್ನ ಮೊಳಕೈಯ ಒಳಮಡಿಕೆಯಲ್ಲಿ ಒಂದು ವಾರ, ದಿನಕ್ಕೆರಡು ಬಾರಿ ಹಚ್ಚಿ ನೋಡಬೇಕು. ತುರಿಕೆ, ಕೆಂಪು, ಗುಳ್ಳೆ ಕಂಡರೆ ಅದು ಆ ತ್ವಚೆಗೆ ಸಲ್ಲದು. ಅಂಟುಬಿಂದಿಯಿಂದಲೋ ಅಗ್ಗದ ಕುಂಕುಮದಿಂದಲೋ ಹಣೆ ಕೆಟ್ಟ ಅನುಭವವುಳ್ಳವರು ಸುಗಂಧರಹಿತವಾದದ್ದನ್ನೇ ಆರಿಸುವುದು ಕ್ಷೇಮ.

ಚೀಟಿ ಓದುವ ಅಭ್ಯಾಸ

ಬಣ್ಣದ ಪುಡಿಗಳಲ್ಲಿ ವಿಷವಿರಬಹುದೆಂಬುದು ಯಕ್ಷಗಾನವನ್ನು ಬಲ್ಲ ಕನ್ನಡಿಗರಿಗೆ ವಿಚಿತ್ರವೆನಿಸಬಾರದು. ಹಿಂದಿನ ವೇಷಧಾರಿಗಳು ಬಳಸುತ್ತಿದ್ದ ಹಳದಿಯ ಅರದಾಳವು ಆರ್ಸೆನಿಕ್ಕಿನ ಸಂಯುಕ್ತ. ಕೆಂಪಿನ ಇಂಗಳೀಕವು ಪಾದರಸದ ಸಂಯುಕ್ತ. ಇಂದಿನ ಕಾನೂನು ಬಿಗಿಯಾಗಿದೆ. 2020ರ ಪ್ರಸಾಧನ ಸಾಮಗ್ರಿ ನಿಯಮಗಳು ಮುಖಕ್ಕೆ ಹಚ್ಚುವ ಸಾಮಗ್ರಿಯಲ್ಲಿ ಅನುದ್ದೇಶಿತವಾಗಿ ಸೇರಿದ ಪಾದರಸವೂ ಹತ್ತು ಲಕ್ಷದಲ್ಲಿ 1 ಪಾಲನ್ನು ಮೀರಕೂಡದೆಂದು ವಿಧಿಸಿದವು. ಆದರೆ ಕಾನೂನು ಹೆಸರು ವಿಳಾಸವಿಲ್ಲದ ಡಬ್ಬಿಯ ಬೆನ್ನು ಹತ್ತಲಾರದು. 2021ರಿಂದ 2023ರ ಅವಧಿಯಲ್ಲಿ ಕೇರಳದ ಮಲಪ್ಪುರಂ ಜಿಲ್ಲೆಯ ವೈದ್ಯರು, ಮೂತ್ರಪಿಂಡದ ಒಂದು ಬಗೆಯ ರೋಗದಿಂದ ಬಳಲುತ್ತಿದ್ದವರಲ್ಲಿ ಹಲವರು ಬಿಳುಪಿನ ಕ್ರೀಮುಗಳನ್ನು ಬಳಸಿದ್ದುದನ್ನು ಪತ್ತೆಹಚ್ಚಿದರು. ಅದಕ್ಕೆ ಕಾರಣ ಪಾದರಸ. ಫೌಂಡೇಶನ್ನಿನ ಜೊತೆಗೆ ‘ಇದನ್ನೂ ರಾತ್ರಿ ಹಚ್ಚಿ ನೋಡಿ’ ಎಂದು ಪರಿಚಿತರು ಕೊಡುವ ಇಂಥ ಡಬ್ಬಿಗಳ ವಿಷಯದಲ್ಲಿ ದಾಕ್ಷಿಣ್ಯ ಸಲ್ಲದು.

ಸ್ಟಿರಾಯ್ಡ್ ಬೆರೆತ ಮುಲಾಮುಗಳನ್ನು ಬಿಳುಪಿಗಾಗಿ ಹಚ್ಚುವ ಚಟವೂ ಹೀಗೆಯೇ ಹರಡಿದೆ. ಸರಕಾರ 2018ರಲ್ಲಿ ಇವನ್ನು ವೈದ್ಯರ ಚೀಟಿಯಿಲ್ಲದೆ ಮಾರಕೂಡದ ಔಷಧಿಗಳ ಪಟ್ಟಿಗೆ ಸೇರಿಸಿತು. ತಿಂಗಳುಗಟ್ಟಲೆ ಹಚ್ಚಿದರೆ ತ್ವಚೆ ತೆಳುವಾಗಿ, ಕೆಂಪೇರಿ, ಮೊಡವೆಯೂ ರೋಮವೂ ಹೆಚ್ಚುತ್ತವೆ. ಆ ಕೆಂಪನ್ನು ಮುಚ್ಚಲು ಇನ್ನಷ್ಟು ದಪ್ಪವಾದ ಫೌಂಡೇಶನ್ ಹುಡುಕುವವರು ಹೋಗಬೇಕಾದದ್ದು ಅಂಗಡಿಗಲ್ಲ, ಚರ್ಮವೈದ್ಯರಲ್ಲಿಗೆ.

ಸೀಸೆಯ ಮೇಲೆ ತಯಾರಕರ ಹೆಸರು, ವಿಳಾಸ, ಪರವಾನಗಿ ಸಂಖ್ಯೆ, ಬ್ಯಾಚ್ ಸಂಖ್ಯೆ, ಬಳಸಬೇಕಾದ ಕಡೆಯ ದಿನಾಂಕ ಮತ್ತು ಘಟಕಗಳ ಪಟ್ಟಿ ಇರಲೇಬೇಕು. ವಿದೇಶದ ಮಾಲಾದರೆ ಆಮದುದಾರರ ಹೆಸರು ಮತ್ತು ನೋಂದಣಿ ಸಂಖ್ಯೆ. ಇವಿಲ್ಲದ ‘ಫಾರಿನ್’ ಸರಕು ಎಷ್ಟೇ ಅಗ್ಗವಾಗಿದ್ದರೂ ದುಬಾರಿಯೇ.

ಖರ್ಚಿನ ಲೆಕ್ಕವನ್ನೂ ಒಮ್ಮೆ ಹಾಕಿ ನೋಡಬಹುದು. ಸಾಮಾನ್ಯ ಸೀಸೆ 30 ಮಿಲಿಲೀಟರಿನದು. ಒಂದು ಬಾರಿಗೆ ಅರ್ಧ ಮಿಲಿಲೀಟರ್ ಎಂದರೆ 60 ಬಾರಿಗೆ ಸಾಕು. ಬೆಲೆ 600 ರೂಪಾಯಿ ಎಂದಿಟ್ಟುಕೊಂಡರೆ ಬಾರಿಗೆ 10 ರೂಪಾಯಿ. ಹಬ್ಬ, ಮದುವೆಗಳಿಗೆಂದು ವರ್ಷಕ್ಕೆ 20 ಬಾರಿ ಮಾತ್ರ ಹಚ್ಚುವಾಕೆಗೆ 10 ಮಿಲಿಲೀಟರ್ ಮುಗಿದು, ಉಳಿದ 20 ಮಿಲಿಲೀಟರ್ ಮೋರಿಗೆ ಹೋಗುತ್ತದೆ; ಆಗ ಬಾರಿಗೆ 30 ರೂಪಾಯಿ. ಛಾಯೆ ತಪ್ಪಿ ಮೂರೇ ಬಾರಿ ಹಚ್ಚಿ ಮೂಲೆಗಿಟ್ಟರೆ ಬಾರಿಗೆ 200 ರೂಪಾಯಿ! ಅಪರೂಪಕ್ಕೆ ಹಚ್ಚುವವರು ಸಣ್ಣ ಅಳತೆಯದನ್ನು ಕೊಳ್ಳುವುದೇ ಜಾಣತನ. ತೆರೆದ ಡಬ್ಬಿಯ ಚಿತ್ರದೊಳಗೆ 12 ಎಂದು ಬರೆದಿದ್ದರೆ, ಮುಚ್ಚಳ ತೆಗೆದ ದಿನದಿಂದ ಹನ್ನೆರಡು ತಿಂಗಳೊಳಗೆ ಮುಗಿಸಬೇಕೆಂದರ್ಥ. ತೆರೆದ ದಿನಾಂಕವನ್ನು ಸೀಸೆಯ ತಳದಲ್ಲಿ ಬರೆದಿಡಬೇಕು. ವಾಸನೆ ಬದಲಾದರೆ, ಅಲುಗಿಸಿದರೂ ಎಣ್ಣೆ ನೀರು ಬೇರೆಯಾಗಿಯೇ ನಿಂತರೆ, ಅವಧಿ ಉಳಿದಿದ್ದರೂ ಎಸೆಯಬೇಕು. ಅಕ್ಕತಂಗಿಯರು ಒಂದೇ ಸ್ಪಂಜನ್ನು ಹಂಚಿಕೊಳ್ಳುವುದು ಬೇಡ. ಸ್ಪಂಜನ್ನು ವಾರಕ್ಕೊಮ್ಮೆಯಾದರೂ ಸಾಬೂನಿನಿಂದ ತೊಳೆದು ಬಿಸಿಲಿನಲ್ಲಿ ಒಣಗಿಸಬೇಕು. ಸಮಾರಂಭ ಮುಗಿಸಿ ಕೊನೆಯ ಲೋಕಲ್‌ನಲ್ಲಿ ಮನೆ ಸೇರಿದ ರಾತ್ರಿ ಎಷ್ಟೇ ದಣಿವಾಗಿದ್ದರೂ ತಣ್ಣೀರು ಚಿಮುಕಿಸಿ ಮಲಗುವುದರಿಂದ ಲೇಪ ಹೋಗುವುದಿಲ್ಲ; ಮೊದಲು ಮೃದುವಾದ ಕ್ಲೆನ್ಸರಿನಿಂದ ಕರಗಿಸಿ, ಬಳಿಕ ದವಡೆಯ ಅಂಚಿನವರೆಗೂ, ಕಿವಿಯ ಹಿಂದೆಯೂ ಬೆಚ್ಚಗಿನ ನೀರಿನಲ್ಲಿ ತೊಳೆದುಕೊಳ್ಳಬೇಕು.